ಹನ್ನೊಂದು ಸೆಕೆಂಡು

ಬೈತಖೋಲದ ಚಹಾದಂಗಡಿಯಲ್ಲಿ ಬನ್ಸ್ ಮುರಿಯುತ್ತ
ಆತ ಹೇಳಿದ್ದ, ಅರೆಬರೆ ಇಂಗ್ಲಿಷಿನಲ್ಲಿ,
ನನ್ನ ಇನ್ನೂ ಅರೆಬರೆ ಇಂಗ್ಲಿಷಿಗೆ:
ನಾನು ಸಂಗೀತಗಾರನಲ್ಲ ಶಾಂಬಾ, ದರ್ಜಿ.
ಅವರು ಸಿನೆಮಾ ಕೊಡುತ್ತಾರೆ,
ಅಳತೆ ತೆಗೆದು ಹೊಲಿದು ಕೊಡುತ್ತೇನೆ.

ಕೊರಳಲ್ಲಿ ತಾಯಿತದ ಹಾಗೆ ಸ್ಟಾಪ್‌ವಾಚು.
ಎಗೊನ್ ಟ್ರೋಗರ್. ಅರವತ್ತೆಂಟನೇ ಇಸವಿ, ದಸರೆ ಕಳೆದ ವಾರ.
ಜರ್ಮನ್ ಟೀವಿಯವರು ಕಡಲಿನ ಚಿತ್ರ ತೆಗೆಯಲು ಬಂದಿದ್ದರು.
ನಾನು ಕೋಡಿಬಾಗದ ರೇಡಿಯೋ ರಿಪೇರಿ ಹುಡುಗ,
ದಿನಕ್ಕೆ ನಾಲ್ಕು ರೂಪಾಯಿಗೆ ಟೇಪ್ ರೆಕಾರ್ಡರು ಹೊರುವವ;
ಹನ್ನೆರಡು ಬ್ಯಾಟರಿ, ಎದೆಗೆ ಕಟ್ಟಿದ ಕೂಸು.

ಎಲ್ಲವನ್ನೂ ಅಳೆಯುತ್ತಿದ್ದ.
ದೇವಗಡದ ದೀಪ ಮಿನುಗಿ ಮತ್ತೆ ಮಿನುಗುವ ನಡುವಿನ ಕತ್ತಲು.
ಅಲೆಯೊಂದು ಬಂದು, ಸೋತು, ಹಿಂದಿರುಗುವುದು: ಏಳು ಸೆಕೆಂಡು.
ಮೀನು ಮಾರುವವಳ ಬೈಗುಳ: ನಾಲ್ಕೂವರೆ.

ಯುದ್ಧ ಮುಗಿದಾಗ ಅವನಿಗೆ ಇಪ್ಪತ್ತಾರು.
ಊರಲ್ಲಿ ಪಿಯಾನೋ ಇದ್ದ ಮನೆಗಳು ಉಳಿದಿರಲಿಲ್ಲ,
ಮನೆಗಳೇ ಉಳಿದಿರಲಿಲ್ಲ ಅಂದ.
ಮೊದಲ ಸಿನೆಮಾ: ಹೆಂಗಸರು ಸಾಲಾಗಿ ನಿಂತು
ಕೈಯಿಂದ ಕೈಗೆ ಇಟ್ಟಿಗೆ ದಾಟಿಸುತ್ತಾರೆ.
ಎರಡು ನಿಮಿಷ ನಲವತ್ತು ಸೆಕೆಂಡು.
ಇದ್ದದ್ದು ಮೂರು ತಂತಿಯ ಒಂದು ಪಿಟೀಲು.
‘ನಾಲ್ಕನೆಯದು ಇದ್ದಿದ್ದರೆ ಕೆಟ್ಟುಹೋಗುತ್ತಿತ್ತು.’
ಆಮೇಲೆ ಊರು ಎದ್ದಿತು, ತಂತಿಗಳು ಬಂದವು,
ನಲವತ್ತು ಜನರ ವಾದ್ಯಮೇಳ ಬಂತು,
ಬೆಟ್ಟದ ಹುಡುಗಿ ಡಾಕ್ಟರನ್ನು ಮದುವೆಯಾಗುವ ಸಿನೆಮಾ ಬಂದವು,
ಒಂದರ ಬಾಲಕ್ಕೊಂದು, ಎಲ್ಲಕ್ಕೂ ಕೊಳಲು, ದನದ ಗಂಟೆ.
ಆಮೇಲೆ ಟೀವಿ. ಆಮೇಲೆ ಕೊಲೆ.
‘ಶುಕ್ರವಾರಕ್ಕೊಂದು ಹೆಣ.
ಬಾಗಿಲು ತೆರೆಯುವ ಸದ್ದಿಗೆ ನಾನು ಹೆದರಿಕೆ ಸೇರಿಸುತ್ತೇನೆ.’
ನಕ್ಕ. ಚಹಾಕ್ಕೆ ಇನ್ನೊಂದು ಚಮಚ ಸಕ್ಕರೆ ಹಾಕಿಸಿಕೊಂಡ.

ಯುದ್ಧದಲ್ಲಿ ನೀನೇನು ಮಾಡಿದೆ ಎಂದು ನಾನು ಕೇಳಲಿಲ್ಲ.
ಕೇಳುವಷ್ಟು ಇಂಗ್ಲಿಷು ಇರಲಿಲ್ಲವೆಂದು
ಈಗ ಹೇಳಿಕೊಳ್ಳುತ್ತೇನೆ.

ಮಾಜಾಳಿಯಲ್ಲಿ ಆ ಬೆಳಿಗ್ಗೆ ರಂಪಣಿ ಬಿಟ್ಟಿದ್ದರು.
ಈ ಹಗ್ಗಕ್ಕೆ ಮೂವತ್ತು ಜನ, ಆ ಹಗ್ಗಕ್ಕೆ ಮೂವತ್ತು,
ಹಿಮ್ಮಡಿ ಮರಳಲ್ಲಿ ಹೂತು.
ನಡುವೆ ಗೋಯ್ದು ಹರಿಕಂತ್ರ,
ಹಗ್ಗ ಮುಟ್ಟದೆ, ಕೂಗಿ ಎಳೆಸುವವ.
ಅವನ ದನಿಯ ಬೆನ್ನಿಗೆ ಅರವತ್ತು ದನಿ,
ದನಿಯ ಬೆನ್ನಿಗೆ ಒಂದು ಮೊಳ ಕಡಲು.
ಬಂಗಡೆ ದಡಕ್ಕೆ ಬಿದ್ದು ಪಟಪಟ ಬಡಿದುಕೊಂಡಾಗ
ಟ್ರೋಗರ್ ಮೀನು ನೋಡಲೇ ಇಲ್ಲ.
ಮುಳ್ಳು ನೋಡುತ್ತಿದ್ದ, ಗಡಿಯಾರದ್ದು.

ಹೋಗುವಾಗ ಅದನ್ನು ನನ್ನ ಕೊರಳಿಗೆ ಹಾಕಿದ.
ಗೋಯ್ದುಗೆ ಒಂದು ಪ್ಯಾಕು ಸಿಗರೇಟು.

ಮೊನ್ನೆ ಅವನ ಮಗಳ ಕಾಗದ ಬಂತು.
ವಿಳಾಸ: ಶಾಂಬಾ ರಾಯ್ಕರ್, ರೇಡಿಯೋ, ಕಾರವಾರ.
ನಮ್ಮ ಪೋಸ್ಟ್‌ಮನ್ನಿಗೆ ಅಷ್ಟು ಸಾಲದೇ?
ಅಪ್ಪ ತೀರಿ ಬಹಳ ವರ್ಷವಾಯಿತು, ಮನೆ ಮಾರುತ್ತಿದ್ದೇವೆ,
ಅವನ ಕೆಲಸಗಳ ಪಟ್ಟಿ ಮಾಡುತ್ತಿದ್ದೇನೆ:
ಸಿನೆಮಾ ಅರವತ್ತಮೂರು, ಧಾರಾವಾಹಿ ಒಂಬತ್ತು,
ಕಾಫಿಪುಡಿಯ ಜಾಹೀರಾತು ಒಂದು.
ಹತ್ತೊಂಬತ್ತು ವರ್ಷ ಓಡಿದ ಪತ್ತೇದಾರಿ ಧಾರಾವಾಹಿಯ ಎದುರಿಗೆ
ಅಪ್ಪನ ಪೆನ್ಸಿಲಿನಲ್ಲಿ:
ಗಂಡಸಿನ ದನಿ, ಕಾರವಾರ, ಹನ್ನೊಂದು ಸೆಕೆಂಡು,
ಹೆಸರು ಗೊತ್ತಿಲ್ಲ.
ನಿಮಗೆ ಗೊತ್ತೇ?

ಜೊತೆಗೆ ಬಂದ ಪೆನ್‌ಡ್ರೈವಿನದನ್ನು ಫೋನಿಗೆ ಇಳಿಸಿ
ಐಸ್ ಪ್ಲಾಂಟಿನಲ್ಲಿ ಲೆಕ್ಕ ಬರೆಯುವ ಸುಗಂಧಾಳಿಗೆ,
ಗೋಯ್ದುವಿನ ಮೊಮ್ಮಗಳಿಗೆ, ತೋರಿಸಿದೆ.
ಮಳೆ ನೆನೆದ ಬೀದಿ. ಕಾರಿನ ದೀಪ. ಒಂದು ಟೋಪಿ.
ಆಮೇಲೆ ಆ ಕೂಗು.
ಮೂರು ಸಲ ಕೇಳಿದಳು.
‘ಅಜ್ಜನೇ ಇರಬೇಕು. ಆದ್ರೆ ಎಳೆಯುವವರೆಲ್ಲಿ?’
ಅರವತ್ತು ಜನ ಬರಬೇಕಾದಲ್ಲಿ ತುತ್ತೂರಿ ಬರುತ್ತದೆ.
‘ಹೀಗೆ ಒಬ್ಬನೇ ಕೂಗಿದ್ರೆ
ಮುಳುಗುವವನ ಕೂಗು ಅಲ್ವಾ ಇದು?’

ಹೌದು.
ಹತ್ತೊಂಬತ್ತು ವರ್ಷ ಅಲ್ಲಿಯ ಜನ ಶುಕ್ರವಾರ ರಾತ್ರಿ
ಗೋಯ್ದು ಬಲೆ ಎಳೆಸುವುದನ್ನು ಕೇಳಿ
ಎದ್ದು ಹೋಗಿ ಬಾಗಿಲ ಚಿಲಕ ನೋಡಿ ಬಂದಿದ್ದಾರೆ.
ಕತ್ತರಿಸಿದ್ದು ಎಷ್ಟು ಚೊಕ್ಕವೆಂದರೆ
ಹೊಲಿಗೆಯ ಗುರುತೂ ಇಲ್ಲ.

ಉತ್ತರ ಬರೆಯಲು ಕೂತೆ. ಗೋಯ್ದು ಎಂಬುದು
ಅವರ ಲಿಪಿಯಲ್ಲಿ ಕೂರುವುದಿಲ್ಲ, ಜಾರುತ್ತದೆ.
ಕೆಳಗೆ ಹಗ್ಗ ಹಿಡಿದವರನ್ನೂ ಬರೆಯತೊಡಗಿದೆ.
ನೆನಪಾದದ್ದು ಹದಿನಾಲ್ಕು.
ಸುಗಂಧಾ ಅವಳ ಅವ್ವಿಯನ್ನು ಕೇಳಿ ಒಂಬತ್ತು ತಂದಳು,
ಅದರಲ್ಲಿ ಇಬ್ಬರ ಬಗ್ಗೆ ಜಗಳವಿದೆ.
ಕಾಗದ ಇನ್ನೂ ಮೇಜಿನ ಮೇಲಿದೆ,
ಹಾರದ ಹಾಗೆ ಮೇಲೊಂದು ನಿಂತ ಸ್ಟಾಪ್‌ವಾಚು.